ಯೋಕೋಹಾಮಾದಲ್ಲಿ ಒಂದು ಸಾವಿನ ದೃಶ್ಯ

ಮೈಸೂರು ಬಿಟ್ಟ ಮೇಲೆ ನಾಲ್ಕು ದೇಶಗಳಲ್ಲಿ ಬಾಡಿಗೆ ಮನೆ ಮಾಡಿದ್ದೇನೆ. ನಗಬಾರದ ಕಡೆಯೇ ನಗು ಬರುವ ಯೋಗ ಮಾತ್ರ ಎಲ್ಲಿಗೆ ಹೋದರೂ ಲಗೇಜಿನ ಜೊತೆಗೆ ಬಂದುಬಿಡುತ್ತದೆ.

ಯೋಕೋಹಾಮಾದಲ್ಲಿ ನಾನು ಇಟಲಿಯ ಮುದುಕನೊಬ್ಬನ ಜೊತೆ ಕೂತು ಅವನ ದೇಶದ ಟೀವಿಗೆ ಧಾರಾವಾಹಿ ಬರೆಯುತ್ತಿದ್ದೆ. ಕಥೆ ಇಲ್ಲಿನ ಬಂದರಿನದು, ನಿರ್ಮಾಪಕ ರೋಮ್‌ನವನು. ಮುದುಕ ಮೊದಲು ನಟನಾಗಿದ್ದ. ಸಿಕ್ಕಿದ್ದೆಲ್ಲ ಮಧ್ಯಂತರದೊಳಗೆ ಸಾಯುವ ಪಾತ್ರಗಳೇ. ಸತ್ತೂ ಸತ್ತೂ ಬೇಸತ್ತು ಬರವಣಿಗೆಗೆ ಇಳಿದಿದ್ದ. ಈಗ ಆ ರೋಮ್‌ನ ನಿರ್ಮಾಪಕ, ಕೊನೆಯ ಕಂತಿನಲ್ಲಿ ನಾಯಕ ಸಾಯಲೇಬೇಕು ಎಂದು ಕೂತಿದ್ದ. “ನಾನಿರೋವರೆಗೆ ಅವನು ಸಾಯಲ್ಲ” ಎಂದು ಮುದುಕನ ಹಟ.

ಕಾಫಿ

ಮುದುಕ ಪ್ರತಿ ದೃಶ್ಯವನ್ನೂ ಎದ್ದು ನಿಂತು ಅಭಿನಯಿಸುತ್ತಿದ್ದ, ನಾನು ಟೈಪ್ ಮಾಡುತ್ತಿದ್ದೆ. ಒಂದು ಮಧ್ಯಾಹ್ನ, “ನಾಯಕ ಸತ್ತರೆ ಹೇಗಿರತ್ತೆ, ನೋಡೇಬಿಡೋಣ” ಎಂದು ಎದ್ದ. ಎದೆ ಹಿಡಿದುಕೊಂಡು ಕಾಫಿ ಲೋಟದ ಸಮೇತ ನೆಲಕ್ಕೆ ಬಿದ್ದ.

ನಾನು ತಲೆ ಎತ್ತದೆ, “ಜಾಸ್ತಿ ಆಯ್ತು ಕಣಯ್ಯಾ, ಕಾಫಿ ಬೇಡ” ಎಂದೆ.

ಅವನು ಏಳಲೇ ಇಲ್ಲ. ಆಂಬುಲೆನ್ಸ್‌ನಲ್ಲಿ ಕಣ್ಣು ಬಿಟ್ಟವನೇ ಕೇಳಿದ: “ದೃಶ್ಯದಿಂದ ಕಾಫಿ ತೆಗೆದ್ಯಾ?”

ಹೂವು

ಮರುದಿನ ಆಸ್ಪತ್ರೆಗೆ ಬಿಳಿ ಸೇವಂತಿಗೆ ಒಯ್ದೆ. ನಮ್ಮಲ್ಲಿ ದೇವರಿಗೂ ಅದೇ, ಮದುವೆಗೂ ಅದೇ. ನರ್ಸ್ ನೋಡಿದವಳೇ “ಸುಮಿಮಾಸೆನ್, ಸುಮಿಮಾಸೆನ್” ಎಂದು ಕ್ಷಮೆ ಕೇಳುತ್ತ ಹೂವನ್ನು ಬಾಗಿಲ ಹೊರಗೆ ಸಾಗಿಸಿದಳು. ಜಪಾನಿನಲ್ಲಿ ಅದು ಹೆಣದ ಮುಂದೆ ಇಡುವ ಹೂವಂತೆ. ಇಟಲಿಯಲ್ಲಾದರೂ ಬೇರೆಯೇನೋ ಎಂದು ಮುದುಕನ ಮುಖ ನೋಡಿದೆ.

“ನಮ್ಮಲ್ಲಿ ಗೋರಿಗೆ ಇಡ್ತಾರೆ. ಪರವಾಗಿಲ್ಲ, ನೀನು ಸ್ವಲ್ಪ ಬೇಗ ತಂದುಬಿಟ್ಟೆ ಅಷ್ಟೆ” ಎಂದ.

ಕೊನೆಯ ಕಂತು

ಡಾಕ್ಟರು ನನ್ನನ್ನು ಹೊರಗೆ ಕರೆದು, “ಸ್ವಲ್ಪ ಕಷ್ಟ” ಎಂದು ತಲೆ ಬಾಗಿಸಿದರು. ಇಲ್ಲಿನವರು ಅಷ್ಟು ಹೇಳಿದರೆ ಮುಗಿಯಿತೆಂದೇ ಲೆಕ್ಕ. ನಾನು ನಗು ಅಂಟಿಸಿಕೊಂಡು ಒಳಗೆ ಬಂದೆ.

“ನಿನಗೆ ನಟನೆ ಬರಲ್ಲ. ಫೋನ್ ತಾ” ಎಂದ ಮುದುಕ.

ಕಾಯಿಲೆಯ ವಿಷಯ ರೋಮ್‌ಗೆ ಹೇಳಿರಲಿಲ್ಲ. ವಿಡಿಯೋ ಕಾಲ್‌ನಲ್ಲಿ ನಿರ್ಮಾಪಕನಿಗೆ, “ಸಾಯುವ ದೃಶ್ಯ ಸಿದ್ಧ, ನೋಡಿ” ಎಂದ. ನಟಿಸಲು ಏನೂ ಇರಲಿಲ್ಲ. ಮೂಗಿನಲ್ಲಿ ಪೈಪು, ತಡೆತಡೆದು ಬರುವ ಉಸಿರು. ನಾಯಕನ ಕೊನೆಯ ಮಾತನ್ನು ಅರ್ಧ ಹೇಳಿ ಕಣ್ಣು ಮುಚ್ಚಿದ. ನಾನು ಫೋನನ್ನು ಅವನ ಮುಖದ ಹತ್ತಿರ ಹಿಡಿದೆ.

ನಿರ್ಮಾಪಕ ಮುಖ ಕಿವುಚಿದ. “ಹಾಸಿಗೆ, ಪೈಪು ಎಲ್ಲ ಚೆನ್ನಾಗಿ ಹೊಂದಿಸಿದ್ದೀಯ. ಆದರೆ ನಂಬಿಕೆ ಬರ್ತಿಲ್ಲ. ಸಾಯೋನು ಹೀಗಿರಲ್ಲ. ಹೋಗ್ಲಿ, ಅವನನ್ನ ಬದುಕಿಸಿಬಿಡು!”

ನಾಯಕ ಉಳಿದುಕೊಂಡ. ಮುದುಕ ಮಾತ್ರ “ಹೀಗಿರಲ್ಲ ಅಂತೆ!” ಎಂದು ಮೂರು ದಿನ ಕೊರಗಿ, ನಾಲ್ಕನೆಯ ದಿನ ಸರಿಯಾಗಿ ಮಾಡಿ ತೋರಿಸಿದ.