ಗಗನವೀರರಿಗೆ ಹೆಚ್ಚುವರಿ ಪ್ರಭಾರ

ನಗರ ರಕ್ಷಣಾ ಇಲಾಖೆಯಲ್ಲಿ ಮಂಜೂರಾಗಿರುವ ಹುದ್ದೆಗಳು ಎರಡು: ಒಬ್ಬ ವೀರ, ಒಬ್ಬ ಖಳ. ಖಳನ ಹುದ್ದೆ ಖಾಲಿಯಾದರೆ ವೀರನ ಹುದ್ದೆ ತಾನಾಗಿಯೇ ರದ್ದಾಗತಕ್ಕದ್ದು. ಈ ನಿಯಮ ಮಾಡಿದವರು ಯಾರೆಂದು ಗೊತ್ತಿಲ್ಲದ ಕಾರಣ, ತಿದ್ದುವ ಅಧಿಕಾರವೂ ಯಾರಿಗೂ ಇಲ್ಲ.

ಹೀಗಿರುವಾಗ ಖಳ ಕತ್ತಲರಾಯರು ಸ್ವಯಂ ನಿವೃತ್ತಿ ಪಡೆದರು. ಸುದ್ದಿ ಕೇಳಿ ವೀರ ಗಗನವೀರರು ಹಾರಿಕೊಂಡೇ ಅವರ ಮನೆಗೆ ಹೋದರು. ಕತ್ತಲರಾಯರು ಬಿಸಿನೀರಿನ ಬಕೆಟ್ಟಿನಲ್ಲಿ ಕಾಲಿಟ್ಟು ಕೂತಿದ್ದರು.

"ಏನಣ್ಣಾ, ಹೀಗೆ ನಡುನೀರಲ್ಲಿ ಕೈಬಿಟ್ರೆ ಹೆಂಗೆ? ಮಗಳು ಈಗಷ್ಟೇ ಕಾಲೇಜಿಗೆ ಸೇರಿದ್ದಾಳೆ. ಹಾರೋದು ಬಿಟ್ರೆ ನಂಗೆ ಬೇರೆ ಏನೂ ಬರಲ್ಲ."

"ಮಂಡಿ ಸವೆದಿದೆ ಕಣಯ್ಯಾ. ಗಡಿಯಾರದ ಗೋಪುರದಿಂದ ನನ್ನ ಎಸೆದೆಯಲ್ಲ, ಅವತ್ತಿಂದ ಮೆಟ್ಟಿಲು ಹತ್ತೋಕಾಗಲ್ಲ."

"ಅದು ಡ್ಯೂಟಿ ಅಣ್ಣಾ."

"ನಾನೇನು ಬೇಜಾರು ಮಾಡ್ಕೊಂಡಿದೀನಾ?"

ಅಡುಗೆಮನೆಯಿಂದ ಅವರ ಹೆಂಡತಿ ಹೇಳಿದರು: "ಊರು ಹಾಳು ಮಾಡಿದ್ದು ಸಾಕು. ಮನೇಲಿ ನಲ್ಲಿ ಸೋರ್ತಿದೆ, ಮೊದಲು ಅದನ್ನ ನೋಡ್ಲಿ."

ಗಗನವೀರರು ಜೋಲುಮೋರೆ ಹಾಕಿಕೊಂಡು ಇಲಾಖೆಯ ನಿರ್ದೇಶಕರ ಬಳಿಗೆ ಬಂದರು. ಹೊಸ ನೇಮಕಾತಿಗೆ ತಡೆ ಇತ್ತು. ನಿರ್ದೇಶಕರು ತಲೆ ಓಡಿಸಿ, ಖಳನ ಹೆಚ್ಚುವರಿ ಪ್ರಭಾರವನ್ನು ವೀರರಿಗೇ ವಹಿಸಿದರು.

"ಸಾರ್, ನಾನೇ ದೋಚಿ ನಾನೇ ಹಿಡಿಯೋದಾ?"

"ರಸ್ತೆ ಅಗೆಯೋ ವಿಭಾಗ, ಮುಚ್ಚೋ ವಿಭಾಗ ಎರಡನ್ನೂ ಒಬ್ಬರೇ ನೋಡ್ಕೊಳ್ತಿಲ್ವೇನ್ರೀ? ಅವರು ಯಾವತ್ತಾದ್ರೂ ಹೀಗೆ ಕೇಳಿದ್ರಾ?"

ಮರುದಿನವೇ ಪ್ರಕಟಣೆ ಹೊರಬಿತ್ತು: "ಸಾರ್ವಜನಿಕರ ಗಮನಕ್ಕೆ. ಬೆಳಗಿನ ವೇಳೆ ನಗರವನ್ನು ನಡುಗಿಸಲಾಗುವುದು. ಊಟದ ವಿರಾಮದ ನಂತರ ಅದೇ ಸಿಬ್ಬಂದಿಯಿಂದ ರಕ್ಷಿಸಲಾಗುವುದು. ನಡುಗಿ ಸಹಕರಿಸಬೇಕಾಗಿ ವಿನಂತಿ."

ಮೊದಲ ದಿನ ಚಿನ್ನದಂಗಡಿಯಲ್ಲಿ ಗಗನವೀರರ ಕೈ ಗಡಗಡ ನಡುಗಿತು. ಪಾಪ, ಅಂಗಡಿಯವರೇ ಚೀಲದ ಬಾಯಿ ಅಗಲಿಸಿ ಹಿಡಿದರು. ಮಧ್ಯಾಹ್ನ ಗಗನವೀರರು ನಡುಬೀದಿಯಲ್ಲಿ ತಮ್ಮ ಕೊರಳಪಟ್ಟಿಯನ್ನು ತಾವೇ ಹಿಡಿದು, ಕೆನ್ನೆಗೆರಡು ಬಾರಿಸಿಕೊಂಡು, ತಮ್ಮನ್ನು ಠಾಣೆಗೆ ಒಪ್ಪಿಸಿದರು. ಜನ ಚಪ್ಪಾಳೆ ತಟ್ಟಿದರು. ಕತ್ತಲರಾಯರ ಕಾಲದಲ್ಲಿ ಆರೋಪಿ ಇಷ್ಟು ಬೇಗ ಸಿಕ್ಕಿದ್ದೇ ಇಲ್ಲ. ಇಂಥ ದಕ್ಷತೆಯಲ್ಲಿ ತಪ್ಪು ಹುಡುಕುವವರ ಬಗ್ಗೆ ನನಗೆ ಗೌರವವಿಲ್ಲ.

ಆದರೆ ನಿರ್ದೇಶಕರ ಕಣ್ಣು ಸೂಕ್ಷ್ಮ. ಬೆಳಗಿನ ಪಾಳಿಯಿಂದ ಕಚೇರಿಗೆ ದೋಚಿದ ಮಾಲು ಬರುತ್ತದೆ, ಮಧ್ಯಾಹ್ನದ ಪಾಳಿಯಿಂದ ಮಾಲೀಕರಿಗೆ ವಾಪಸ್ ಹೋಗುತ್ತದೆ. ವೀರನಿರಲು ಖಳ ಬೇಕೆಂದು ನಿಯಮದಲ್ಲಿದೆ. ಖಳನಿರಲು ವೀರ ಬೇಕೆಂದು ಎಲ್ಲಿಯೂ ಇಲ್ಲ. ಮಿತವ್ಯಯದ ದೃಷ್ಟಿಯಿಂದ ಮಧ್ಯಾಹ್ನದ ಪಾಳಿ ರದ್ದಾಯಿತು.

"ಸಾರ್, ಹಾಗಾದ್ರೆ ನಾನು ಬರೀ ಕಳ್ಳ ಆದ್ನಲ್ಲ!" ಗಗನವೀರರಿಗೆ ಅಳುವೇ ಬಂತು.

"ಖಾಯಂ ಆದ್ರಿ ಅನ್ನಿ. ಇನ್ನು ನಿಮ್ಮ ಕೆಲಸ ಯಾರೂ ಅಲುಗಾಡಿಸೋಕಾಗಲ್ಲ. ಮಗಳ ಓದು ಮುಗೀಬೇಕೋ ಬೇಡ್ವೋ?"

ಗಗನವೀರರು ಬೆನ್ನ ಮೇಲಿದ್ದ ವೀರನ ಕೆಂಪು ಹೊದಿಕೆಯ ಗಂಟು ಬಿಚ್ಚತೊಡಗಿದರು.

"ಅಯ್ಯೋ, ಅದು ಇರ್ಲಿ ಬಿಡಿ," ಎಂದರು ನಿರ್ದೇಶಕರು. "ಅದನ್ನ ನೋಡಿದ್ರೆ ಜನ ಬಾಗಿಲು ಬೇಗ ತೆಗೀತಾರೆ."

ಅವರು ಹೇಳಿದ್ದು ನಿಜವಾಯಿತು. ಈಗ ಬೆಳಗ್ಗೆ ಗಗನವೀರರು ಬೀದಿಯಲ್ಲಿ ಇಳಿಯುವಷ್ಟರಲ್ಲಿ ಜನ ಬಾಗಿಲು ತೆರೆದು ನಿಂತಿರುತ್ತಾರೆ. ಮೊದಲು ಚಪ್ಪಾಳೆ ತಟ್ಟುತ್ತಾರೆ, ಆಮೇಲೆ ಬೀರುವಿನ ಕೀಲಿ ಕೊಡುತ್ತಾರೆ.