ಮಾವನ ಹೆಪ್ಪು ದರ್ಶನ

ಲೋಕವನ್ನು ಬದಲಾಯಿಸಿದ ಮಹಾನುಭಾವರ ಕಥೆಗಳನ್ನು ನೀವೆಲ್ಲ ಓದಿರುತ್ತೀರಿ. ಆದರೆ ಜಗಲಿಯಿಂದ ಏಳದೆಯೇ ಲೋಕವನ್ನು ಬದಲಾಯಿಸಿದವರು ನನಗೆ ತಿಳಿದಂತೆ ಒಬ್ಬರೇ. ಅವರು ನನ್ನ ಸೋದರಮಾವ! ದೊಡ್ಡಬೆಳವಂಗಲದ ಪಕ್ಕದ ಹಳ್ಳಿಯಲ್ಲಿ ಅವರಿಗೆ ಮೂರು ಸೀಮೆಹಸು, ಒಂದಿಷ್ಟು ರಾಗಿ ಹೊಲ ಮತ್ತು ಒಂದು ತತ್ತ್ವಶಾಸ್ತ್ರ ಇವೆ. ಹಸುಗಳನ್ನೂ ಹೊಲವನ್ನೂ ಅತ್ತೆ ನೋಡಿಕೊಳ್ಳುತ್ತಾರೆ. ತತ್ತ್ವಶಾಸ್ತ್ರದ ಹೊರೆ ಪೂರ್ತಿ ಮಾವನದೇ.

ಅದರ ಹೆಸರು ಹೆಪ್ಪು ದರ್ಶನ. ಲೋಕವೆಂಬುದು ಹಾಲು, ಮನಸ್ಸೆಂಬುದು ಹೆಪ್ಪು. ಒಂದು ಚಮಚ ಗಟ್ಟಿ ಯೋಚನೆಯನ್ನು ಲೋಕಕ್ಕೆ ಹಾಕಿ ಸುಮ್ಮನಿದ್ದರೆ ಸಾಕು, ಅದು ನೀವು ಅಂದುಕೊಂಡ ಹಾಗೆಯೇ ಹೆಪ್ಪುಗಟ್ಟುತ್ತದೆ. ಷರತ್ತು ಒಂದೇ, ಅಲ್ಲಾಡಿಸಬಾರದು. ಮುಚ್ಚಳ ತೆಗೆದು ನೋಡಬಾರದು, ಬೆರಳಿಡಬಾರದು, ಪಾತ್ರೆ ಸರಿಸಬಾರದು. ಬಿಡಿಸಿ ಹೇಳುವುದಾದರೆ, ಯಾವ ಕೆಲಸವನ್ನೂ ಮಾಡಬಾರದು. ನಮ್ಮ ಮಾವನಿಗೆ ಇಷ್ಟು ಚೆನ್ನಾಗಿ ಒಗ್ಗುವ ಮತ ಇನ್ನೊಂದಿದ್ದೀತೆ?

ಇದು ತಾವೇ ಹುಟ್ಟುಹಾಕಿದ್ದು ಅಂತ ಮಾತ್ರ ಅವರು ಒಪ್ಪುವುದಿಲ್ಲ. ರಾಜಘಟ್ಟದಲ್ಲಿ ಪುರಾತತ್ತ್ವದವರು ಅಗೆದ ದಿಬ್ಬ ಇದೆಯಲ್ಲ, ಹಿಂದಿನ ಕಾಲದಲ್ಲಿ ಅಲ್ಲಿ ಕಣ್ಣು ಮುಚ್ಚಿ ಕೂತಿದ್ದ ಬೌದ್ಧ ಭಿಕ್ಷುಗಳೆಲ್ಲ ಇದೇ ಮತದವರಂತೆ. ಹಾಗಾಗಿ ಪ್ರತಿ ಗುರುವಾರ ಮೊಪೆಡ್ಡಿನಲ್ಲಿ ಅಲ್ಲಿಗೆ ಹೋಗಿ ಸಂಜೆಯವರೆಗೆ ಕೂತು ಬರುತ್ತಾರೆ.

"ಅಗೆದೋರ್ಗೆ ಇಟ್ಟಿಗೆ ಸಿಕ್ತು ಕಣವ್ವ, ಅಗೀದೆ ಕೂತೋನ್ಗೆ ದರ್ಶನ ಸಿಕ್ತು" ಅನ್ನುತ್ತಾರೆ.

ನಾನು ದೊಡ್ಡಬಳ್ಳಾಪುರದ ಹೈಸ್ಕೂಲಿನಲ್ಲಿ ವಿಜ್ಞಾನ ಪಾಠ ಮಾಡುವವಳು. ಸುಮ್ಮನಿರಲಾರದೆ ಪುರಾವೆ ಕೇಳಿದೆ. "ಮೊಸರಾಯ್ತಾ ಅಂತ ಗಳಿಗೆಗೊಂದ್ಸಲ ಬೆರಳದ್ದೋರ ಮನೇಲಿ ಯಾವತ್ತಾದ್ರೂ ಮೊಸರಾಗೈತಾ?" ಎಂದು ಮರುಪ್ರಶ್ನೆ ಹಾಕಿದರು.

ಒಮ್ಮೆ ಅತ್ತೆಗೆ ಜ್ವರ ಬಂದು, ಹಾಲಿನ ಕ್ಯಾನು ಹಿಡಿದು ಡೈರಿಗೆ ಮಾವನೇ ಹೋಗಬೇಕಾಯಿತು. ಹಾಲು ಎಷ್ಟು ಗಟ್ಟಿ ಎಂದು ತೋರಿಸುವ ಡಿಗ್ರಿ ಏರಲಿ ಎಂದು ಮೆಷೀನಿನ ಮುಂದೆ ಕಣ್ಣು ಮುಚ್ಚಿ ನಿಂತುಬಿಟ್ಟರಂತೆ. ಡೈರಿಯ ಸೆಕ್ರೆಟರಿ ಪೆನ್ನು ಕೆಳಗಿಟ್ಟು ಕೇಳಿದರು.

"ಯಜಮಾನ್ರೇ, ಏನ್ ಮಾಡ್ತಿದ್ದೀರಾ?"

"ಹೆಪ್ಪು ಹಾಕಿವ್ನಿ. ಅಲ್ಲಾಡಿಸ್ಬೇಡಿ."

"ಹಿಂದೆ ಎಂಟು ಜನ ಕ್ಯಾನ್ ಹಿಡ್ಕೊಂಡು ನಿಂತವ್ರೆ. ಮೊದ್ಲು ನೀವು ಅಲ್ಲಾಡಿ."

ಇನ್ನೊಂದು ಮಳೆಗಾಲದಲ್ಲಿ ಕೊಟ್ಟಿಗೆಯ ಶೀಟು ಒಡೆದು ಸೋರತೊಡಗಿತು. ಮಾವ ಸೋರುವ ಜಾಗದ ಕೆಳಗೇ ಕುರ್ಚಿ ಹಾಕಿಕೊಂಡು, ಸೋರುತ್ತಿಲ್ಲ ಎಂದು ಹೆಪ್ಪು ಹಾಕಿ ಕೂತರು. ಅತ್ತೆ ಬಂದು ನೋಡಿ ನನ್ನ ಕಡೆ ತಿರುಗಿ, "ಸೋರ್ತಿಲ್ಲ ಅಂದ್ಮೇಲೆ ತಲೆಮೇಲೆ ಟವಲ್ ಯಾಕವ್ವ, ಕೇಳು ನಿಮ್ಮಾವನ್ನ" ಎಂದರು. ಗುರುವಾರ ಬಂತು, ಮಾವ ರಾಜಘಟ್ಟಕ್ಕೆ ಹೋದರು. ಸಂಜೆ ವಾಪಸು ಬರುವಷ್ಟರಲ್ಲಿ ಸೋರಿಕೆ ನಿಂತಿತ್ತು.

"ನೋಡ್ದಾ?" ಎಂದರು ಮಾವ.

ನೋಡದೆ ಏನು? ಅತ್ತೆ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು, ಏಣಿ ಹತ್ತಿ, ಹೊಸ ಶೀಟಿಗೆ ಬೋಲ್ಟು ಬಿಗಿಯುವಾಗ ಕೆಳಗೆ ಏಣಿ ಹಿಡಿದು ನಿಂತವಳೇ ನಾನು. ಆಮೇಲೆ ಬೋರಿನ ಮೋಟಾರು ಸುಟ್ಟಿತು. ಅದಕ್ಕೂ ಹೆಪ್ಪು ಬಿತ್ತು, ಅದೂ ಒಂದು ಗುರುವಾರ ತಾನಾಗಿಯೇ ಓಡತೊಡಗಿತು. ಹೀಗೆ ಆ ಮನೆಯಲ್ಲಿ ಲೋಕವು ಗುರುವಾರ ಗುರುವಾರ ಬದಲಾಗುತ್ತಿತ್ತು. ಮಾವನ ಕೀರ್ತಿ ಬೆಳೆಯಿತು, ಅತ್ತೆಯ ಅಂಗೈ ಒರಟಾಯಿತು. ನನಗೆ ಸಿಟ್ಟು ಬರುತ್ತಿತ್ತು.

"ನಾನೇ ಮಾಡಿದ್ದು ಅಂತ ಯಾಕತ್ತೆ ಹೇಳಲ್ಲ ನೀವು?"

"ಹೇಳಿ ಏನ್ಮಾಡ್ಲವ್ವ? ಕುಡಿಯೋರಲ್ಲ, ಬಡಿಯೋರಲ್ಲ. ಏನೋ ಒಂದು ಹುಚ್ಚು. ಇರ್ಲಿ ಬಿಡು."

ಹೋದ ವರ್ಷ ಅತ್ತೆಗೆ ಮೆಟ್ಟಿಲು ಹತ್ತಿದರೆ ಉಸಿರು ಕಟ್ಟತೊಡಗಿತು. ಬೆಂಗಳೂರಿನ ಆಸ್ಪತ್ರೆಯವರು ಪರೀಕ್ಷೆ ಮಾಡಿ, ಹೃದಯದ ಒಂದು ವಾಲ್ವ್ ಬದಲಾಯಿಸಬೇಕು, ತಡಮಾಡುವಂತಿಲ್ಲ ಎಂದರು. ಆಪರೇಷನ್ನಿನ ದಿನ ಬೆಳಗ್ಗೆ ಏಳಕ್ಕೆ ಅತ್ತೆಯನ್ನು ಒಳಗೆ ಕರೆದುಕೊಂಡು ಹೋದರು. ಮಾವ ಹೊರಗಿನ ಬೆಂಚಿನ ಮೇಲೆ ಕೂತವರು ಕೂತೇ ಇದ್ದರು. ಕಾಫಿ ತಂದುಕೊಟ್ಟೆ, ಮುಟ್ಟಲಿಲ್ಲ. ಎಂಟಾಯಿತು, ಒಂಬತ್ತಾಯಿತು, ಹತ್ತಾಯಿತು. ಮೂಗಿನ ಮೇಲೆ ನೊಣ ಕೂತರೂ ಕೈ ಎತ್ತಲಿಲ್ಲ. ಇಲ್ಲಿಯೂ ಇವರ ಹೆಪ್ಪೇ ಎಂದು ನನಗೆ ರೇಗಿಹೋಯಿತು.

"ಮಾವ, ಇದು ಮೊಸರಲ್ಲ. ಎದ್ದು ಎರಡು ಇಡ್ಲಿ ತಿನ್ನಿ. ನೀವು ಅಲ್ಲಾಡಿದ್ರೆ ಏನೂ ಆಗಲ್ಲ."

ಅವರು ತಲೆ ತಿರುಗಿಸಲಿಲ್ಲ. ತುಟಿ ಮಾತ್ರ ಅಲುಗಿತು.

"ಶೀಟು ಹಾಕ್ದೋರು ಯಾರು ಅಂತ ನಂಗೊತ್ತಿಲ್ಲ ಅಂದ್ಕೊಂಡಿದ್ದೀಯೇನವ್ವ? ಮೋಟ್ರು ರಿಪೇರಿ ಮಾಡ್ಸಿದ್ದು ಯಾರಂತ ಗೊತ್ತಿಲ್ವಾ ನಂಗೆ? ಇಷ್ಟು ವರ್ಷ ನಾನು ಅಂದ್ಕೊಂಡೆ, ಅವಳು ಮಾಡಿದ್ಲು. ಇವತ್ತು ಮಾಡೋಳು ಒಳಗೆ ಮಲಗವ್ಳೆ. ನಂಗೆ ಬರೋದು ಇದೊಂದೇ. ಇವತ್ತೊಂದಿನ ಅಲ್ಲಾಡಿಸ್ಬೇಡ ನನ್ನ."

ನಾನು ಅವರ ಪಕ್ಕದಲ್ಲಿ ಕೂತೆ. ಅವರಿಗೆಂದು ತಂದ ಕಾಫಿ ಬೆಂಚಿನ ಮೇಲೆ ಆರಿಹೋಗಿತ್ತು. ಹೇಳಿಕೊಳ್ಳಲು ನಾಚಿಕೆಯಾಗುತ್ತದೆ, ವಿಜ್ಞಾನದ ಮೇಡಂ ಆದ ನಾನೂ ಆಮೇಲೆ ಅಲ್ಲಾಡಲಿಲ್ಲ.

ಮಧ್ಯಾಹ್ನ ಡಾಕ್ಟರು ಬಂದು ಎಲ್ಲ ಚೆನ್ನಾಗಿ ಆಯಿತು ಎಂದರು. ಮಾವ ಏಳಲು ನೋಡಿದರು, ಆಗಲಿಲ್ಲ. ಎರಡು ಕಾಲೂ ಜೋಮು ಹಿಡಿದಿದ್ದವು. ನಾನೂ ಒಬ್ಬ ನರ್ಸೂ ರಟ್ಟೆ ಹಿಡಿದು ಎಬ್ಬಿಸಬೇಕಾಯಿತು. ಅತ್ತೆಯನ್ನು ಉಳಿಸಿದವರು ಡಾಕ್ಟರು, ಅದರಲ್ಲಿ ನನಗೆ ಅನುಮಾನವಿಲ್ಲ. ಆದರೂ ಆವತ್ತಿನಿಂದ ಹೆಪ್ಪು ದರ್ಶನವನ್ನು ಗೇಲಿ ಮಾಡಲು ನನಗೆ ಬಾಯಿ ಬರುತ್ತಿಲ್ಲ.

ಅತ್ತೆ ಮೂರು ತಿಂಗಳು ಒಂದು ಬಕೆಟ್ಟನ್ನೂ ಎತ್ತಬಾರದು ಎಂದು ಆಸ್ಪತ್ರೆಯವರು ಹೇಳಿ ಕಳಿಸಿದ್ದರು. ಒಂದು ಭಾನುವಾರ ನೋಡಿಕೊಂಡು ಬರಲು ಹೋದೆ. ಮಾವ ಹಸು ತೊಳೆದು, ಹಾಲು ಕರೆದು, ಡೈರಿಗೆ ಹಾಕಿ ಬಂದಿದ್ದರು. ಅಡಿಗೆಮನೆಯಲ್ಲಿ ನಿಂತು ಮೊಸರಿನ ಪಾತ್ರೆಯ ಮುಚ್ಚಳ ತೆಗೆದು ಇಣುಕುತ್ತಿದ್ದರು. ಮುಚ್ಚಿದರು. ಮತ್ತೆ ತೆಗೆದರು.

"ಏನ್ ಮಾವ, ಮುಚ್ಚಳ ತೆಗೀಬಾರ್ದು ಅಂತಿದ್ರಿ?"

"ಭಯ ಆಗ್ತದೆ ಕಣವ್ವ. ನಿಮ್ಮತ್ತೆ ಮಲಗಿದ್ರೂ ಹಂಗೇ. ಉಸಿರಾಡ್ತವ್ಳಾ ಅಂತ ನಾಕ್ಸಲ ಹೋಗಿ ನೋಡ್ಕೊಂಡ್ ಬತ್ತೀನಿ."

ಊಟಕ್ಕೆ ಕೂತೆವು. ಮೊಸರು ಗಟ್ಟಿಯಾಗಲಿ ಎಂದು ಮಾವ ಚಮಚ ಹಾಕುವ ಕಡೆ ಸೌಟು ಹೆಪ್ಪು ಹಾಕಿದ್ದರಂತೆ. ಅತ್ತೆಯ ತಟ್ಟೆಗೆ ಬಡಿಸಿ, ಸೌಟು ಹಿಡಿದುಕೊಂಡೇ ನಿಂತರು. ಅತ್ತೆ ಒಂದು ತುತ್ತು ಬಾಯಿಗಿಟ್ಟರು. ಹುಬ್ಬು ಕೂಡ ಗಂಟಿಕ್ಕಲಿಲ್ಲ.

"ಸಿಹಿಯಾಗೈತೆ" ಎಂದರು.

ಮಾವ ಹಿಗ್ಗಿ ನನಗೂ ಬಡಿಸಿದರು. ಬಾಯಿಗಿಟ್ಟೆ. ಹುಳಿ ನೆತ್ತಿಗೇರಿ ಕಣ್ಣಲ್ಲಿ ನೀರು ಬಂತು. ಅತ್ತೆ ನನ್ನನ್ನೇ ನೋಡುತ್ತಿದ್ದರು.

"ಹೌದು ಮಾವ, ಸಿಹಿ ಮೊಸರು" ಎಂದೆ. "ಇನ್ನೊಂದು ಸೌಟು ಹಾಕಿ."