ಬೆನಕಪ್ಪನ ಮಾತು ಕೇಳಿದ ದಿನ

ಪಂಚನಹಳ್ಳಿ ರಸ್ತೆಯಲ್ಲಿ ಬೆನಕಪ್ಪ ಕಟ್ಟಿದ ಬಸ್ ತಂಗುದಾಣದ ಗೋಡೆಯನ್ನು ಕೆಡವಿದ್ದು ಲೋಕೋಪಯೋಗಿ ಇಲಾಖೆಯದೇ ಲಾರಿ. ಜಲ್ಲಿ ಸುರಿಯಲು ಹಿಂದಕ್ಕೆ ಬಂದ ಲಾರಿ, ಮೈ ತುರಿಸಿದ ಎಮ್ಮೆಯಂತೆ ಗೋಡೆಗೆ ಉಜ್ಜಿತು, ಗೋಡೆ ಮಲಗಿಬಿಟ್ಟಿತು. 'ಕಳಪೆ ಕಾಮಗಾರಿ' ಎಂದು ವರದಿ ಹೋಯಿತು. ಅಜ್ಜಂಪುರದ ಬೆನಕಪ್ಪನ ಹೆಸರು ಕಂಟ್ರಾಕ್ಟರುಗಳ ಕಪ್ಪುಪಟ್ಟಿ ಸೇರಿತು. ಏನಾಯಿತೆಂದು ಅವನನ್ನು ಒಬ್ಬರೂ ಕೇಳಲಿಲ್ಲ.

ಅವನು ಹೈಕೋರ್ಟಿಗೆ ಹೋದ. ಮೂರು ವರ್ಷ ಅಲೆದ ಮೇಲೆ, ಎಂಬತ್ತನಾಲ್ಕನೇ ಇಸವಿಯಲ್ಲಿ ಆದೇಶ ಬಂತು: ಮಾತು ಕೇಳದೆ ಶಿಕ್ಷಿಸಿದ್ದು ತಪ್ಪು, ತಿಂಗಳೊಳಗೆ ಕರೆದು ಕೇಳಿ ತೀರ್ಮಾನಿಸಿ. ಕಡೂರಿನ ಕಚೇರಿಗೆ ಹನ್ನೊಂದು ಗಂಟೆಗೆ ಬರಬೇಕೆಂದು ನೋಟೀಸೂ ಬಂತು.

ಆ ದಿನ ಬೆಳಗ್ಗೆಯೇ ಪಕ್ಕದ ಮನೆಯ ಈರಭದ್ರಪ್ಪ ಕರೆಯದಿದ್ದರೂ ಹೊರಟು ನಿಂತಿದ್ದ.

"ಕೈ ಕಟ್ಕೊಂಡು ಮಾತಾಡು ಕಣಪ್ಪಾ. ದನಿ ಏರಿಸ್ಬೇಡ."

"ಮೂರು ವರ್ಷ ಕೈ ಕಟ್ಕೊಂಡು ಕೂತಿದ್ದಾಯ್ತಲ್ಲಣ್ಣ," ಎಂದಳು ಬೆನಕಪ್ಪನ ಹೆಂಡತಿ ಅಂಜಿನಮ್ಮ. "ಇವತ್ತಾದ್ರೂ ಬಾಯಿ ಬಿಡ್ಲಿ."

ಜೊತೆಗೆ ಬಂದ ಇನ್ನೊಬ್ಬರು ಜಮಾಲ್ ಸಾಬ್, ಅದೇ ಲಾರಿಯ ಡ್ರೈವರ್. "ನೌಕರಿ ಇದ್ದಾಗ ಹೆದ್ರಿಕೆ ಇತ್ತು ಬೆನಕಪ್ಪ. ಹೋದ್ ತಿಂಗ್ಳು ರಿಟೈರಾದೆ. ಗುದ್ದಿದ್ದು ನಾನೇ ಅಂತ ಹೇಳ್ಬಿಡ್ತೀನಿ."

ರೈಲಿನಲ್ಲಿ ಬೆನಕಪ್ಪ ತನ್ನ ಮಾತನ್ನು ಒಪ್ಪಿಸಿ ನೋಡಿದ. ಈರಭದ್ರಪ್ಪ ತಿದ್ದಿದ. ಎದುರು ಸೀಟಿನವರು ಅದನ್ನೂ ತಿದ್ದಿದರು. ಬೀರೂರು ಬರುವಷ್ಟರಲ್ಲಿ ಆ ಅಹವಾಲು ಬೋಗಿಗೆಲ್ಲ ಬಾಯಿಪಾಠವಾಗಿ, ಬೆನಕಪ್ಪನೊಬ್ಬನಿಗೇ ಮರೆತುಹೋಗಿತ್ತು.

ತಡವಾಗಿ ಬಂದ ರೈಲು ಬೀರೂರಿನಲ್ಲೇ ನಿಂತುಬಿಟ್ಟಿತು. ಬಸ್ಸಿನಲ್ಲಿ ಕಾಲಿಡಲು ಜಾಗವಿಲ್ಲ. ಮೂವರೂ ತೆಂಗಿನಕಾಯಿ ಲಾರಿ ಹತ್ತಿದರು. ಇಳಿಯುವಾಗ ಕೊಕ್ಕೆಯೊಂದು ಬೆನಕಪ್ಪನ ಪ್ಯಾಂಟನ್ನು ಹಿಂದಿನಿಂದ ಪರ್ರನೆ ಹರಿದುಹಾಕಿತು. ಈರಭದ್ರಪ್ಪನ ಟವೆಲನ್ನು ಸೊಂಟಕ್ಕೆ ಸುತ್ತಿಕೊಂಡು, ಕೆರೆಗೆ ಸ್ನಾನಕ್ಕೆ ಹೊರಟವನಂತೆ ಅವನು ಕಚೇರಿಗೆ ಓಡಿದ. ಆಗಲೇ ಹನ್ನೆರಡಾಗಿತ್ತು.

ಇಂಜಿನಿಯರ್ ರೇವಣಪ್ಪನವರು ಗದರಲಿಲ್ಲ. "ಬನ್ನಿ ಬೆನಕಪ್ಪನೋರೇ, ಕೂತ್ಕೊಳ್ಳಿ," ಎಂದು ಕುರ್ಚಿ ತೋರಿಸಿದರು. ಕಾಫಿ ತರಿಸಿದರು. ಮೂರು ವರ್ಷ ಆ ಕಚೇರಿಯ ಗೋಡೆಗೊರಗಿ ನಿಂತೇ ಇದ್ದವನಿಗೆ ಕಣ್ಣು ತುಂಬಿಬಂತು. ಗಂಟಲು ಸರಿಮಾಡಿಕೊಂಡ.

"ಸ್ವಾಮಿ, ಅವತ್ತು ಲಾರಿ..."

"ಹೇಳೋ ಅಗತ್ಯಾನೇ ಇಲ್ಲ. ನಿಮ್ಮ ಹೆಸರನ್ನ ಪಟ್ಟಿಯಿಂದ ತೆಗೆದುಬಿಟ್ಟಿದ್ದೀವಿ."

"ಗೋಡೆಗೆ ಗುದ್ದಿದ್ದು ನಾನು ಸಾಹೇಬ್ರೇ," ಎಂದು ಜಮಾಲ್ ಸಾಬ್ ಮುಂದೆ ಬಂದರು.

"ಜಮಾಲ್ ಸಾಬ್, ನಿಮ್ಮ ಪೆನ್ಷನ್ ಇನ್ನೂ ಮಂಜೂರಾಗಿಲ್ಲ ಅಲ್ವಾ?"

ಜಮಾಲ್ ಸಾಬ್ ಬಂದಷ್ಟೇ ಹೆಜ್ಜೆ ಹಿಂದಕ್ಕೆ ಹೋದರು. ರೇವಣಪ್ಪನವರು ಕಾಗದವೊಂದನ್ನು ತಳ್ಳಿದರು. 'ನನ್ನ ಅಹವಾಲನ್ನು ಪೂರ್ತಿ ಆಲಿಸಿದ್ದಾರೆ' ಎಂದಿತ್ತು. ಬೆನಕಪ್ಪ ಸಂತೋಷದಲ್ಲಿ ಓದದೆಯೇ ಸಹಿ ಹಾಕಿದ.

"ಹಂಗಾದ್ರೆ ನಾಳೆಯಿಂದ ಟೆಂಡರ್ ಹಾಕ್ಬೋದಾ ಸ್ವಾಮಿ?"

"ಅದು ಹೇಗಾಗುತ್ತೆ? ನಿಮ್ಮ ರಿಜಿಸ್ಟ್ರೇಷನ್ ಮಾರ್ಚಿಗೇ ಮುಗಿದಿದೆ. ಕಂಟ್ರಾಕ್ಟರೇ ಅಲ್ಲದೋರನ್ನ ಕಂಟ್ರಾಕ್ಟರುಗಳ ಕಪ್ಪುಪಟ್ಟೀಲಿ ಹೇಗೆ ಇಟ್ಕೊಳ್ಳೋದು? ಅದಕ್ಕೇ ತೆಗೆದಿದ್ದು."

"ರಿನ್ಯೂವಲ್‌ಗೆ ಅರ್ಜಿ ಕೊಟ್ಟಿದ್ದೆ. ಕಪ್ಪುಪಟ್ಟೀಲಿರೋರಿಗೆ ಆಗಲ್ಲ ಅಂತ ನೀವೇ ವಾಪಸ್ ಕಳ್ಸಿದ್ರಿ!"

"ಹೊಸದಾಗಿ ಅರ್ಜಿ ಹಾಕಿ. ಹಿಂದಿನ ಮೂರು ವರ್ಷ ಮಾಡಿದ ಕೆಲಸದ ಸರ್ಟಿಫಿಕೇಟ್ ಲಗತ್ತಿಸಿ, ಅಷ್ಟೇ."

"ಮೂರು ವರ್ಷದಿಂದ ಕಪ್ಪುಪಟ್ಟೀಲಿದ್ದೋನಿಗೆ ಕೆಲ್ಸ ಯಾರು ಕೊಟ್ಟಾರು ಸ್ವಾಮಿ?"

ರೇವಣಪ್ಪನವರು ಹೊಸದಾಗಿ ಟೈಪಾದ ಕಪ್ಪುಪಟ್ಟಿಯನ್ನು ತರಿಸಿದರು. ಕನ್ನಡಕ ಏರಿಸಿಕೊಂಡು, ಒಂದೊಂದೇ ಹೆಸರಿನ ಮೇಲೆ ಬೆರಳಿಟ್ಟು, ಕೊನೆಯ ಪುಟದವರೆಗೂ ನೋಡಿದರು. ಆಮೇಲೆ ನಿಜವಾದ ಕನಿಕರದಿಂದ ತಲೆಯೆತ್ತಿದರು.

"ಇದರಲ್ಲಿ ನಿಮ್ಮ ಹೆಸರೇ ಇಲ್ವಲ್ಲ ಬೆನಕಪ್ಪನೋರೇ!"